ಅಮೆರಿಕದ ಇತಿಹಾಸಕಾರ್ತಿ ಡೋರಿಸ್ ಕರ್ನ್ಸ್ ಗುಡ್ವಿನ್ ಪುಸ್ತಕಗಳಲ್ಲಿ ಮೊದಲು ಯಾವುದನ್ನು ಓದಬೇಕು?

'ನೋ ಆರ್ಡಿನರಿ ಟೈಮ್'ನಿಂದ ಶುರು ಮಾಡಿ. ಲಿಂಕನ್ ಮತ್ತು ಅವರ ಮಂತ್ರಿಗಳ ಬಗ್ಗೆ ಬರೆದ 'ಟೀಮ್ ಆಫ್ ರೈವಲ್ಸ್' (2005) ಜಾಸ್ತಿ ಹೆಸರು ಮಾಡಿದೆ, ನಿಜ. ಆದರೆ ಯುದ್ಧ, ನಾಯಕತ್ವ, ಸಮಾಜ ಸುಧಾರಣೆ ಮೂರೂ ಚೆನ್ನಾಗಿ ಬೆರೆತಿರುವುದು 1994ರ ಈ ಪುಸ್ತಕದಲ್ಲೇ. ಇದಕ್ಕೆ ಪುಲಿಟ್ಜರ್ ಪ್ರಶಸ್ತಿಯೂ ಬಂತು.

ಎರಡನೇ ಮಹಾಯುದ್ಧದ ಹೊತ್ತು. ಆದರೆ ಕಥೆ ರಣರಂಗದ್ದಲ್ಲ, ಶ್ವೇತಭವನದ್ದು. ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್‌ಗೆ ಯುದ್ಧ ಗೆಲ್ಲುವುದೇ ಮುಖ್ಯ. ಹೆಂಡತಿ ಎಲಿನರ್ ಮಾತ್ರ ಕಪ್ಪು ಜನರ ಹಕ್ಕು, ಕಾರ್ಖಾನೆಗೆ ಹೋಗುವ ತಾಯಂದಿರ ಮಕ್ಕಳ ಪಾಲನೆ ಅಂತ ಅವರ ಬೆನ್ನು ಬಿಡುವುದಿಲ್ಲ. 1941ರಲ್ಲಿ ಕಪ್ಪು ಜನರ ಕಾರ್ಮಿಕ ನಾಯಕ ಫಿಲಿಪ್ ರಾಂಡಾಲ್ಫ್ ವಾಷಿಂಗ್ಟನ್‌ಗೆ ಭಾರಿ ಮೆರವಣಿಗೆ ತರುತ್ತೇವೆ ಎಂದು ಪಟ್ಟು ಹಿಡಿದರು. ಜೂನ್ 25ರಂದು ರೂಸ್‌ವೆಲ್ಟ್ 8802ನೇ ಆದೇಶಕ್ಕೆ ಸಹಿ ಹಾಕಿದರು: ರಕ್ಷಣಾ ಕಾರ್ಖಾನೆಗಳಲ್ಲಿ ಬಣ್ಣ ನೋಡಿ ಕೆಲಸ ನಿರಾಕರಿಸುವಂತಿಲ್ಲ. ಮೆರವಣಿಗೆ ನಿಂತಿತು. ಸೈನ್ಯದೊಳಗಿನ ಭೇದ ಮಾತ್ರ ಹಾಗೇ ಉಳಿಯಿತು. ಅಧಿಕಾರದಲ್ಲಿರುವವರು ಸುಮ್ನೆ ಬದಲಾಗಲ್ಲ, ಅಲ್ವಾ?

ಆಮೇಲೆ 'ದ ಬುಲಿ ಪಲ್ಪಿಟ್' (2013) ಹಿಡಿಯಿರಿ. ಇದು ಇನ್ನೊಬ್ಬ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಕಾಲದ್ದು. ಸ್ಟ್ಯಾಂಡರ್ಡ್ ಆಯಿಲ್ ಕಂಪನಿಯ ವ್ಯವಹಾರ ಬಯಲಿಗೆಳೆದ ಪತ್ರಕರ್ತೆ ಐಡಾ ಟಾರ್ಬೆಲ್ ಅದರಲ್ಲಿದ್ದಾರೆ. ನನಗಂತೂ ಅಧ್ಯಕ್ಷರ ಕಥೆಗಿಂತ ಆ ಪತ್ರಕರ್ತರ ಕಥೆಯೇ ಹೆಚ್ಚು ಇಷ್ಟ.