ಲೈವ್ ಆಟಕ್ಕೆ ಯಾವ ಕೆಟಗರಿ? ಓದುಗರ ಪ್ರಶ್ನೆಗಳಿಗೆ ಉತ್ತರ

ಆಟಗಳನ್ನು ಟ್ವಿಚ್, ಯೂಟ್ಯೂಬ್‌ಗಳಲ್ಲಿ ಲೈವ್ ಮಾಡುವವರು ಮೈಕು, ಕ್ಯಾಮೆರಾ, ಬಿಟ್‌ರೇಟ್ ಬಗ್ಗೆ ತಲೆಕೆಡಿಸಿಕೊಳ್ಳುವಷ್ಟು ಕೆಟಗರಿ (ಯಾವ ಆಟ ನಡೆಯುತ್ತಿದೆ ಎಂದು ನೋಡುಗರಿಗೆ ಹೇಳುವ ವರ್ಗ) ಬಗ್ಗೆ ಕೆಡಿಸಿಕೊಳ್ಳುವುದಿಲ್ಲ. ಹೊಸ ನೋಡುಗ ನಿಮ್ಮ ಚಾನೆಲ್ಲಿಗೆ ಬರುವ ಬಾಗಿಲುಗಳಲ್ಲಿ ಅದೂ ಒಂದು. ಈ ಸಲದ ಅಂಕಣ ಪೂರ್ತಿ ಅದಕ್ಕೇ ಮೀಸಲು.

ಪ್ರಶ್ನೆ: ನಿನ್ನೆ ವ್ಯಾಲೊರಂಟ್ ಆಡಿದ್ದೆ, ಇವತ್ತು ಮೈನ್‌ಕ್ರಾಫ್ಟ್. ಆದರೆ ಟ್ವಿಚ್ ಇಡೀ ಸಂಜೆ ವ್ಯಾಲೊರಂಟ್ ಎಂದೇ ತೋರಿಸಿತು. ಆಟ ಬದಲಾಗಿದ್ದು ಅದಕ್ಕೆ ತಾನಾಗಿ ತಿಳಿಯುವುದಿಲ್ಲವೇ? (ದಾವಣಗೆರೆ)

ತಿಳಿಯುವುದಿಲ್ಲ. ಪ್ರಸಾರ ಮಾಡುವ ತಂತ್ರಾಂಶವಾದ ಓಬಿಎಸ್‌ನಿಂದ ಟ್ವಿಚ್‌ಗೆ ಹೋಗುವುದು ಬರೀ ಚಿತ್ರ ಮತ್ತು ಧ್ವನಿ. ಅದರೊಳಗೆ ಯಾವ ಆಟ ನಡೆಯುತ್ತಿದೆ ಎಂದು ಟ್ವಿಚ್ ನೋಡಲು ಹೋಗುವುದಿಲ್ಲ. ಕೊನೆಯ ಸಲ ನೀವು ಏನು ಆರಿಸಿದ್ದಿರೋ ಅದನ್ನೇ ಹಿಡಿದುಕೊಂಡು ಕೂರುತ್ತದೆ. ಕೆಟಗರಿ ತಪ್ಪುವುದಕ್ಕೆ ಅತಿ ಸಾಮಾನ್ಯ ಕಾರಣ ಇದೇ.

ಕ್ರಿಯೇಟರ್ ಡ್ಯಾಶ್‌ಬೋರ್ಡ್‌ನಲ್ಲಿ ಸ್ಟ್ರೀಮ್ ಮ್ಯಾನೇಜರ್ ತೆರೆಯಿರಿ. ಅಲ್ಲಿ 'ಎಡಿಟ್ ಸ್ಟ್ರೀಮ್ ಇನ್ಫೋ' ಒತ್ತಿದರೆ ಶೀರ್ಷಿಕೆ (140 ಅಕ್ಷರದ ಮಿತಿ), ಗೋ ಲೈವ್ ನೋಟಿಫಿಕೇಶನ್, ಕೆಟಗರಿ, ಟ್ಯಾಗ್ (ಪ್ರಸಾರವನ್ನು ವಿವರಿಸುವ ಪುಟ್ಟ ಪದಗಳು), ಭಾಷೆ ಎಲ್ಲವೂ ಒಂದೇ ಕಡೆ ಸಿಗುತ್ತವೆ. ಕೆಟಗರಿ ಅಂಕಣದಲ್ಲಿ ಆಟದ ಹೆಸರು ಟೈಪ್ ಮಾಡುತ್ತಿದ್ದಂತೆ ಕೆಳಗೆ ಪಟ್ಟಿ ಇಳಿಯುತ್ತದೆ. ಹೆಸರನ್ನು ಟೈಪ್ ಮಾಡಿ ಬಿಟ್ಟರೆ ಸಾಲದು, ಪಟ್ಟಿಯಿಂದ ಆರಿಸಿಯೇ ಸೇವ್ ಮಾಡಬೇಕು. ಓಬಿಎಸ್‌ನ ಸೆಟ್ಟಿಂಗ್ಸ್‌ನಲ್ಲಿ ಟ್ವಿಚ್ ಖಾತೆಯನ್ನು ಜೋಡಿಸಿದ್ದರೆ (ಚಾನೆಲ್ಲಿನ ಗುಪ್ತ ಸಂಕೇತವಾದ ಸ್ಟ್ರೀಮ್ ಕೀಯನ್ನು ಮಾತ್ರ ಅಂಟಿಸಿದ್ದರೆ ಅಲ್ಲ), ಡಾಕ್ಸ್ ಮೆನುವಿನಲ್ಲಿ 'ಸ್ಟ್ರೀಮ್ ಇನ್ಫರ್ಮೇಶನ್' ಎಂಬ ಪುಟ್ಟ ಕಿಟಕಿ ಬರುತ್ತದೆ. ಅದನ್ನು 'ಸ್ಟಾರ್ಟ್ ಸ್ಟ್ರೀಮಿಂಗ್' ಗುಂಡಿಯ ಪಕ್ಕದಲ್ಲೇ ಇಟ್ಟುಕೊಳ್ಳಿ. ಕಣ್ಣಿಗೆ ಬಿದ್ದರೆ ತಾನೇ ನೆನಪಾಗುವುದು.

ಕ್ರಮ ಮುಖ್ಯ: ಮೊದಲು ಕೆಟಗರಿ, ಆಮೇಲೆ ಲೈವ್. ಲೈವ್ ಆದ ಕೂಡಲೇ ಹಿಂಬಾಲಕರಿಗೆ ಸೂಚನೆ ಹೊರಟುಬಿಡುತ್ತದೆ, ಹಳೆಯ ಮಾಹಿತಿ ಹೊತ್ತು ಹೋದ ಸೂಚನೆಯನ್ನು ವಾಪಸ್ ಕರೆಯಲಾಗದು. ನಡುವೆ ತಪ್ಪು ಕಂಡರೆ ಪ್ರಸಾರ ನಿಲ್ಲಿಸಬೇಕಾಗಿಲ್ಲ. ಅಲ್ಲೇ ಬದಲಿಸಿ, ಹೊಸ ಪಟ್ಟಿಯಲ್ಲಿ ನಿಮ್ಮ ಚಾನೆಲ್ ಕಾಣಿಸಲು ಕೆಲವು ನಿಮಿಷ ಕೊಡಿ. ಡ್ರಾಪ್ಸ್ (ಲೈವ್ ನೋಡಿದವರಿಗೆ ಆಟದೊಳಗೆ ಸಿಗುವ ಉಡುಗೊರೆ) ಇರುವ ಆಟವಾದರೆ ಇನ್ನೂ ಎಚ್ಚರ ಬೇಕು: ಕೆಟಗರಿ ಬೇರೆ ಇದ್ದಷ್ಟು ಹೊತ್ತು ನಿಮ್ಮ ನೋಡುಗರಿಗೆ ಆ ಉಡುಗೊರೆಗಳ ಲೆಕ್ಕ ಏರುವುದಿಲ್ಲ. ಚಾಟ್‌ನಲ್ಲಿ ಬೈಗುಳ ಶುರುವಾದರೆ ಕಾರಣ ಬೇರೆಲ್ಲೂ ಹುಡುಕಬೇಡಿ.

ಪ್ರಶ್ನೆ: ದೊಡ್ಡ ಆಟದ ಪಟ್ಟಿಯಲ್ಲಿ ನನ್ನ ಚಾನೆಲ್ ತೀರಾ ಕೆಳಗೆ ಬೀಳುತ್ತದೆ. ಜನ ಕಡಿಮೆ ಇರುವ ಬೇರೆ ಆಟದ ಕೆಟಗರಿ ಹಾಕಿದರೆ ಮೇಲೆ ಬರುವುದಿಲ್ಲವೇ? ಗೆಳೆಯರೆಲ್ಲ ಹಾಗೇ ಮಾಡು ಅನ್ನುತ್ತಾರೆ. (ಹುಬ್ಬಳ್ಳಿ)

ಮೇಲೆ ಬರುತ್ತೀರಿ, ಪ್ರಯೋಜನವಿಲ್ಲ. ಟ್ವಿಚ್‌ನ ಆಟದ ಪುಟದಲ್ಲಿ ನೋಡುಗರ ಸಂಖ್ಯೆಯ ಪ್ರಕಾರ ಜೋಡಿಸಿದಾಗ ಮೂರು ಜನ ನೋಡುತ್ತಿರುವ ಚಾನೆಲ್ ದೊಡ್ಡ ಆಟಗಳಲ್ಲಿ ತಳಕ್ಕೇ ಹೋಗುತ್ತದೆ, ಆ ಸಂಕಟ ನಿಜ. ಆದರೆ ಸಣ್ಣ ಕೆಟಗರಿ ತೆರೆದು ಬಂದವನು ಆ ಆಟವನ್ನೇ ಹುಡುಕಿಕೊಂಡು ಬಂದವನು. ಇಡ್ಲಿ ಹೋಟೆಲ್ಲಿನ ಬೋರ್ಡು ನೋಡಿ ಒಳಗೆ ಬಂದವನಿಗೆ ಚಪ್ಪಲಿ ತೋರಿಸಿದರೆ ಕೊಳ್ಳುತ್ತಾನೆಯೇ? ತಕ್ಷಣ ಎದ್ದು ಹೋಗುತ್ತಾನೆ, ಕೆಲವೊಮ್ಮೆ ಹೋಗುವಾಗ ರಿಪೋರ್ಟ್ ಗುಂಡಿಯನ್ನೂ ಒತ್ತುತ್ತಾನೆ. ಬೇಕೆಂದೇ ತಪ್ಪು ಕೆಟಗರಿ, ತಪ್ಪು ಟ್ಯಾಗ್, ತಪ್ಪು ಶೀರ್ಷಿಕೆ ಹಾಕುವುದನ್ನು ಟ್ವಿಚ್‌ನ ನಿಯಮಗಳು ದಾರಿ ತಪ್ಪಿಸುವಿಕೆ ಎಂದೇ ಪರಿಗಣಿಸುತ್ತವೆ. ಮರೆತು ಹೋದದ್ದು ಬೇರೆ, ವಾರಗಟ್ಟಲೆ ಮಾಡಿದ್ದು ಬೇರೆ.

ಜನ ಕಡಿಮೆ ಇರುವ ಕಡೆ ನಿಲ್ಲಬೇಕೆಂದಿದ್ದರೆ ಆಟವನ್ನೇ ಬದಲಿಸಿ. ಮಧ್ಯಮ ಗಾತ್ರದ, ಚರ್ಚೆಗೆ ಅವಕಾಶವಿರುವ ಆಟಗಳು ಹೊಸಬರಿಗೆ ಒಳ್ಳೆಯದು. ದೊಡ್ಡ ಆಟವನ್ನೇ ಆಡುವುದಾದರೆ ಟ್ಯಾಗ್‌ಗಳನ್ನು ದುಡಿಸಿಕೊಳ್ಳಿ: 10 ಟ್ಯಾಗ್ ಹಾಕಬಹುದು, ಒಂದೊಂದಕ್ಕೆ 25 ಅಕ್ಷರ, ನಡುವೆ ಖಾಲಿ ಜಾಗ ಬಿಡುವಂತಿಲ್ಲ. ಕನ್ನಡ, ಮೊದಲ ಸಲ ಆಡುತ್ತಿರುವುದು, ಆಟದ ಹಂತ, ಇಂಥವನ್ನು ಹಾಕಿ. 'ಗೇಮಿಂಗ್' ಎಂಬ ಟ್ಯಾಗ್ ಹಾಕಿ ಒಂದು ಜಾಗ ಹಾಳು ಮಾಡಬೇಡಿ.

ಪ್ರಶ್ನೆ: ಯೂಟ್ಯೂಬ್‌ನಲ್ಲಿ 'ಗೇಮಿಂಗ್' ಆರಿಸಿದ್ದೇನೆ. ಆದರೂ ವಿಡಿಯೋದ ಕೆಳಗೆ ಆಟದ ಹೆಸರು, ಚಿತ್ರ ಬರುತ್ತಿಲ್ಲ. ಬೇರೆಯವರಿಗೆ ಬರುತ್ತದೆ. (ಮಂಗಳೂರು)

ನೀವು ಓಬಿಎಸ್ ಒಳಗಿಂದಲೇ ಪ್ರಸಾರ ಸಿದ್ಧಪಡಿಸುತ್ತಿರಬೇಕು. ಅದರ 'ಮ್ಯಾನೇಜ್ ಬ್ರಾಡ್‌ಕಾಸ್ಟ್' ಕಿಟಕಿಯಲ್ಲಿ ಶೀರ್ಷಿಕೆ, ವಿವರಣೆ, ಕೆಟಗರಿ ಎಲ್ಲ ಇದೆ, ಆಟದ ಹೆಸರಿನ ಅಂಕಣ ಮಾತ್ರ ಇಲ್ಲ. ಯೂಟ್ಯೂಬ್‌ನಲ್ಲಿ ಇವು ಎರಡು ಪ್ರತ್ಯೇಕ ಹಂತಗಳು. ಯೂಟ್ಯೂಬ್ ಸ್ಟುಡಿಯೋದ ಲೈವ್ ಕಂಟ್ರೋಲ್ ರೂಮ್‌ಗೆ ಹೋಗಿ, 'ಎಡಿಟ್' ಒತ್ತಿ, ಕೆಟಗರಿಯಲ್ಲಿ 'ಗೇಮಿಂಗ್' ಆರಿಸಿದ ಮೇಲೆ ಅದರ ಜೊತೆಗೆ 'ಗೇಮ್ ಟೈಟಲ್' ಅಂಕಣ ಕಾಣುತ್ತದೆ. ಅಲ್ಲಿ ಹೆಸರು ಹುಡುಕಿ ಪಟ್ಟಿಯಿಂದ ಆರಿಸಿ. ಅದು ಐಚ್ಛಿಕ ಎಂದು ಬರೆದಿರುವುದರಿಂದ ಬಹಳ ಜನ ದಾಟಿ ಹೋಗುತ್ತಾರೆ. ಆಟದ ಪುಟಕ್ಕೆ ನಿಮ್ಮನ್ನು ಸೇರಿಸುವುದು ಆ ಐಚ್ಛಿಕ ಅಂಕಣವೇ.

ಟ್ವಿಚ್‌ಗೂ ಯೂಟ್ಯೂಬ್‌ಗೂ ಇಲ್ಲೊಂದು ದೊಡ್ಡ ವ್ಯತ್ಯಾಸವಿದೆ. ಟ್ವಿಚ್‌ನಲ್ಲಿ ನಡುವೆ ಕೆಟಗರಿ ಬದಲಿಸಿದರೆ ಆಮೇಲೆ ಉಳಿಯುವ ರೆಕಾರ್ಡಿಂಗ್‌ನಲ್ಲಿ ಆಟಕ್ಕೊಂದು ಅಧ್ಯಾಯ ತಾನಾಗಿ ಬೀಳುತ್ತದೆ. ಯೂಟ್ಯೂಬ್‌ನಲ್ಲಿ ಒಂದು ವಿಡಿಯೋಗೆ ಒಂದೇ ಆಟದ ಹೆಸರು. ಎರಡು ಗಂಟೆ ಒಂದು ಆಟ, ಎರಡು ಗಂಟೆ ಇನ್ನೊಂದು ಎಂದಿದ್ದರೆ ಮೊದಲನೆಯದನ್ನು 'ಎಂಡ್ ಸ್ಟ್ರೀಮ್' ಮಾಡಿ, ಹೊಸ ಪ್ರಸಾರ ತೆರೆಯುವುದೇ ಸರಿ. ಒಂದರಲ್ಲೇ ಮುಗಿಸುವ ಹಟವಿದ್ದರೆ ಹೆಚ್ಚು ಹೊತ್ತು ಆಡಿದ ಆಟದ ಹೆಸರು ಇಟ್ಟು, ರೆಕಾರ್ಡಿಂಗ್ ಸಿದ್ಧವಾದ ಮೇಲೆ ವಿವರಣೆಯಲ್ಲಿ ಸಮಯಸೂಚಿ ಬರೆಯಿರಿ: ಮೊದಲನೆಯದು 00:00 ಇರಬೇಕು, ಕನಿಷ್ಠ ಮೂರು ಇರಬೇಕು, ಒಂದೊಂದು ಭಾಗ 10 ಸೆಕೆಂಡಿಗಿಂತ ಕಡಿಮೆ ಇರಬಾರದು.

ಅದೇ ಪುಟದಲ್ಲಿ 'ಮಕ್ಕಳಿಗಾಗಿ ಮಾಡಿದ್ದೇ?' ಎಂಬ ಪ್ರಶ್ನೆಯಿದೆ. ಮೈನ್‌ಕ್ರಾಫ್ಟ್, ರೋಬ್ಲಾಕ್ಸ್ ಎಂದ ಮಾತ್ರಕ್ಕೆ 'ಹೌದು' ಒತ್ತಬೇಡಿ. ಹೌದು ಎಂದರೆ ಲೈವ್ ಚಾಟ್ ಬಂದ್, ನೋಡುಗರು ಹಣ ಕೊಟ್ಟು ಸಂದೇಶ ಹಾಕುವ ಸೂಪರ್ ಚಾಟ್ ಬಂದ್. ಪ್ರಶ್ನೆ ಕೇಳುತ್ತಿರುವುದು ನಿಮ್ಮ ಕಾರ್ಯಕ್ರಮ ಮಕ್ಕಳನ್ನೇ ಉದ್ದೇಶಿಸಿದ್ದೇ ಎಂದು, ಮಕ್ಕಳೂ ನೋಡಬಹುದೇ ಎಂದಲ್ಲ. ನಿಜವಾಗಿ ಪುಟ್ಟ ಮಕ್ಕಳಿಗೇ ಮಾಡುತ್ತಿದ್ದರೆ ಮಾತ್ರ, ಚಾಟ್ ಹೋದರೂ ಸರಿ, 'ಹೌದು' ಎನ್ನಲೇಬೇಕು.

ಪ್ರಶ್ನೆ: ಆಟ ಶುರು ಮಾಡುವ ಮೊದಲು ಒಂದಷ್ಟು ಹೊತ್ತು ಹರಟುತ್ತೇನೆ. ಆಗ 'ಜಸ್ಟ್ ಚಾಟಿಂಗ್' ಹಾಕಬೇಕೇ? (ತುಮಕೂರು)

ಐದು ನಿಮಿಷದ ನಮಸ್ಕಾರ, ಕುಶಲಕ್ಕೆ ಬೇಡ. ಆಟದ ಕೆಟಗರಿಯೇ ಇರಲಿ. ಅರ್ಧ ಗಂಟೆ ಬರೀ ಮಾತು ಎಂದರೆ 'ಜಸ್ಟ್ ಚಾಟಿಂಗ್' ಸರಿ. ನಡುವೆ ಎಷ್ಟಾದರೆ ಬದಲಿಸಬೇಕು? ಹದಿನೈದು ನಿಮಿಷ ಎಂದು ಗೆರೆ ಎಳೆದುಕೊಂಡರೆ ಒಳ್ಳೆಯದು ಎಂಬುದು ನಮ್ಮ ಲೆಕ್ಕ, ಟ್ವಿಚ್‌ನ ನಿಯಮವಲ್ಲ. ಕಷ್ಟ ಬರುವುದು ಮರಳುವಾಗ: ಹರಟೆ ಮುಗಿದು ಆಟ ಶುರುವಾಗಿ ಎರಡು ಗಂಟೆ ಕಳೆದರೂ 'ಜಸ್ಟ್ ಚಾಟಿಂಗ್' ಹಾಗೇ ಉಳಿದಿರುತ್ತದೆ. ಓಬಿಎಸ್‌ನಲ್ಲಿ ಆಟದ ದೃಶ್ಯಕ್ಕೆ ಬದಲಾಯಿಸುವುದನ್ನೂ ಕೆಟಗರಿ ಬದಲಿಸುವುದನ್ನೂ ಒಟ್ಟಿಗೇ ಮಾಡುವ ಅಭ್ಯಾಸ ಇಟ್ಟುಕೊಳ್ಳಿ. ಚೆಸ್ ಆಡುವವರಿಗೆ ಈ ತಲೆನೋವಿಲ್ಲ. ಆಟ, ಒಗಟು ಬಿಡಿಸುವುದು, ಮುಗಿದ ಪಂದ್ಯದ ವಿಶ್ಲೇಷಣೆ, ಎಲ್ಲವೂ 'ಚೆಸ್' ಕೆಟಗರಿಗೇ ಸೇರುತ್ತವೆ.

ಪ್ರಶ್ನೆ: ಬಿಜಿಎಂಐ ಆಡುತ್ತೇನೆ. ಹುಡುಕಿದರೆ ಪಬ್‌ಜಿ ಹೆಸರಿನವೇ ಎರಡು ಮೂರು ಬರುತ್ತವೆ. ಯಾವುದು? (ಕಲಬುರಗಿ)

ಚಿಕ್ಕ ಹೆಸರಿನಿಂದ ಹುಡುಕಬೇಡಿ, 'ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ' ಎಂದು ಇಂಗ್ಲಿಷಿನಲ್ಲಿ ಪೂರ್ತಿ ಟೈಪ್ ಮಾಡಿ. 'ಪಬ್‌ಜಿ: ಬ್ಯಾಟಲ್‌ಗ್ರೌಂಡ್ಸ್' ಎನ್ನುವುದು ಕಂಪ್ಯೂಟರ್ ಮತ್ತು ಕನ್ಸೋಲ್‌ನ ಆಟ. 'ಪಬ್‌ಜಿ ಮೊಬೈಲ್' ಭಾರತದಲ್ಲಿ 2020ರ ಸೆಪ್ಟೆಂಬರ್‌ನಲ್ಲಿ ನಿಷೇಧವಾದದ್ದು. ಬಿಜಿಎಂಐ 2021ರ ಜುಲೈನಲ್ಲಿ ಬಂದ, ಇಲ್ಲಿಗೆಂದೇ ಮಾಡಿದ ಆವೃತ್ತಿ. ನೋಡಲು ಅವಳಿಗಳಂತಿದ್ದರೂ ಕೆಟಗರಿಯಲ್ಲಿ ಬೆರೆಸಬಾರದು. ಫ್ರೀ ಫೈರ್, ಫ್ರೀ ಫೈರ್ ಮ್ಯಾಕ್ಸ್ ಬಗ್ಗೆಯೂ ಇದೇ ಮಾತು.

ವರ್ಷಕ್ಕೊಂದು ಬರುವ ಆಟಗಳಲ್ಲಿ ಸಂಖ್ಯೆ ನೋಡಿ. ಫುಟ್‌ಬಾಲ್ ಆಟ 'ಫಿಫಾ 23'ರ ನಂತರ ಹೆಸರೇ ಬದಲಾಗಿ 'ಇಎ ಸ್ಪೋರ್ಟ್ಸ್ ಎಫ್‌ಸಿ 24' ಆಯಿತು. ಹಳೆಯ ಹೆಸರಲ್ಲಿ ಹುಡುಕಿದವರು ಖಾಲಿ ಪುಟದಲ್ಲಿ ಹೋಗಿ ನಿಲ್ಲುತ್ತಾರೆ. ಕೌಂಟರ್-ಸ್ಟ್ರೈಕ್ ಇದಕ್ಕೆ ತದ್ವಿರುದ್ಧ: ಟ್ವಿಚ್‌ನಲ್ಲಿ ಸಂಖ್ಯೆಯಿಲ್ಲದ 'ಕೌಂಟರ್-ಸ್ಟ್ರೈಕ್' ಕೆಟಗರಿಯಲ್ಲೇ ಎರಡನೆಯ ಆವೃತ್ತಿಯವರೂ ಇರುತ್ತಾರೆ. ಗೊಂದಲವಾದಾಗ ಕೆಟಗರಿ ಪುಟ ತೆರೆದು, ಅಲ್ಲಿ ಈಗ ಲೈವ್ ಇರುವವರ ತೆರೆಯಲ್ಲಿ ನಿಮ್ಮದೇ ಆಟ ಕಾಣುತ್ತದೆಯೇ ಎಂದು ನೋಡುವುದು ಎಲ್ಲಕ್ಕಿಂತ ಖಚಿತ.

ಪ್ರಶ್ನೆ: ನಾವು ನಾಲ್ಕು ಜನ ಸೇರಿ ಸಣ್ಣ ಆಟವೊಂದನ್ನು ಮಾಡುತ್ತಿದ್ದೇವೆ. ಟ್ವಿಚ್‌ನಲ್ಲಿ ಅದರ ಹೆಸರೇ ಇಲ್ಲ. (ಬೆಂಗಳೂರು)

ಟ್ವಿಚ್‌ನ ಆಟಗಳ ಪಟ್ಟಿ ಐಜಿಡಿಬಿ ಎಂಬ ದತ್ತಸಂಚಯದಿಂದ ಬರುತ್ತದೆ. 2019ರಲ್ಲಿ ಟ್ವಿಚ್ ಅದನ್ನು ಕೊಂಡುಕೊಂಡಿತು. ಆದ್ದರಿಂದ ಅರ್ಜಿ ಹಾಕಬೇಕಾದದ್ದು ಅಲ್ಲಿ. ಟ್ವಿಚ್ ಖಾತೆಯಿಂದಲೇ ಲಾಗಿನ್ ಆಗಿ ಆಟದ ಹೆಸರು, ವೇದಿಕೆ, ಬಿಡುಗಡೆ ದಿನಾಂಕ, ವಿವರಣೆ, ಮುಖಚಿತ್ರ, ಸ್ಟೀಮ್ (ಆಟಗಳ ಆನ್‌ಲೈನ್ ಅಂಗಡಿ) ಅಥವಾ ಸ್ವಂತ ಜಾಲತಾಣದ ಕೊಂಡಿ ಸೇರಿಸಿ. ಆಟ ನಿಜವಾಗಿ ಇದೆ ಎಂದು ಪರಿಶೀಲಿಸುವವರಿಗೆ ಕಾಣಬೇಕು, ಕೊಂಡಿಯಿಲ್ಲದ ಅರ್ಜಿ ಅಲ್ಲೇ ಎಡವುತ್ತದೆ. ಒಪ್ಪಿಗೆ ಸಿಕ್ಕ ಮೇಲೂ ಟ್ವಿಚ್‌ಗೆ ಇಳಿಯಲು ಸಮಯ ಹಿಡಿಯುತ್ತದೆ. ಹಾಗಾಗಿ ಬಿಡುಗಡೆಯ ದಿನ ಬೆಳಿಗ್ಗೆ ಈ ಕೆಲಸಕ್ಕೆ ಕೂರಬೇಡಿ. ಅಲ್ಲಿಯವರೆಗೆ ಆಟ ಆಡಿ ತೋರಿಸುವಾಗ 'ಗೇಮ್ಸ್ + ಡೆಮೋಸ್', ಕೋಡ್ ಬರೆಯುತ್ತಿರುವಾಗ 'ಸಾಫ್ಟ್‌ವೇರ್ ಅಂಡ್ ಗೇಮ್ ಡೆವಲಪ್‌ಮೆಂಟ್'.

ಪ್ರಶ್ನೆ: ಜಿಟಿಎ ರೋಲ್‌ಪ್ಲೇಗೆ (ಆಟದೊಳಗೆ ಪಾತ್ರವಾಗಿ ನಟಿಸುತ್ತಾ ಆಡುವುದಕ್ಕೆ) ಬೇರೆ ಕೆಟಗರಿ ಇದೆಯೇ? ಜೊತೆಗೆ ನಾನು ಹಾಕದೆಯೇ ಏನೋ ಲೇಬಲ್ ಬಂದಿದೆ, ತೆಗೆಯಲು ಆಗುತ್ತಿಲ್ಲ. (ಶಿವಮೊಗ್ಗ)

'ಗ್ರ್ಯಾಂಡ್ ಥೆಫ್ಟ್ ಆಟೋ V' ಕೆಟಗರಿಯೇ ಸಾಕು, ರೋಲ್‌ಪ್ಲೇ ಎಂಬುದನ್ನು ಟ್ಯಾಗ್‌ನಲ್ಲೂ ಶೀರ್ಷಿಕೆಯಲ್ಲೂ ಹೇಳಿ. ಲೇಬಲ್ ಇರುವುದು ಸರಿಯಾಗಿಯೇ ಇದೆ. 2023ರ ಜೂನ್‌ನಿಂದ ಟ್ವಿಚ್ ವಿಷಯಸೂಚಕ ಲೇಬಲ್‌ಗಳನ್ನು ಇಟ್ಟಿದೆ. ಜೂಜು, ಮಾದಕ ವಸ್ತು, ಲೈಂಗಿಕ ವಿಷಯ, ಭೀಕರ ಹಿಂಸೆ, ಅತಿಯಾದ ಬೈಗುಳ ಇವುಗಳನ್ನು ನೀವೇ ಟಿಕ್ ಮಾಡಬೇಕು. 'ಮೆಚ್ಯೂರ್-ರೇಟೆಡ್ ಗೇಮ್' ಮಾತ್ರ ಕೆಟಗರಿ ನೋಡಿ ತಾನಾಗಿ ಅಂಟುತ್ತದೆ, ಅದನ್ನು ಕೀಳಲಾಗದು. ಜಿಟಿಎ ಆಡುತ್ತಾ 'ಜಸ್ಟ್ ಚಾಟಿಂಗ್'ನಲ್ಲೇ ಉಳಿದರೆ ಆ ಲೇಬಲ್ ಬರುವುದಿಲ್ಲ; ಅಂದರೆ ಒಂದು ತಪ್ಪಿಗೆ ಎರಡು ತಪ್ಪು. ಬೇಕಾದ ಲೇಬಲ್ ಹಾಕದಿದ್ದರೆ ಮೊದಲು ಎಚ್ಚರಿಕೆ ಬರುತ್ತದೆ, ಮತ್ತೆ ಮತ್ತೆ ಮರೆತರೆ ಆ ಲೇಬಲ್ಲನ್ನು ಟ್ವಿಚ್ಚೇ ಕೆಲಕಾಲ ನಿಮ್ಮ ಚಾನೆಲ್ಲಿಗೆ ಬಿಗಿದುಬಿಡುತ್ತದೆ.

ಪ್ರಶ್ನೆ: ರಮ್ಮಿ ಆ್ಯಪ್‌ನಲ್ಲಿ ದುಡ್ಡಿಟ್ಟು ಆಡುವುದನ್ನು ಯಾವ ಕೆಟಗರಿಯಲ್ಲಿ ಲೈವ್ ಮಾಡಲಿ? (ಊರು ಬರೆದಿಲ್ಲ)

ಯಾವುದರಲ್ಲೂ ಬೇಡ. 2025ರ ಆಗಸ್ಟ್‌ನಲ್ಲಿ ಸಂಸತ್ತು ಅಂಗೀಕರಿಸಿದ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನೂ ಅವುಗಳ ಜಾಹೀರಾತನ್ನೂ ನಿಷೇಧಿಸುತ್ತದೆ. ಜಾಹೀರಾತಿಗೆ 2 ವರ್ಷದವರೆಗೆ ಜೈಲು, 50 ಲಕ್ಷ ರೂಪಾಯಿವರೆಗೆ ದಂಡ. ಕೆಟಗರಿ ಬದಲಿಸಿ ತಪ್ಪಿಸಿಕೊಳ್ಳುವ ವಿಷಯವಲ್ಲ ಇದು.

ಪ್ರಶ್ನೆ: ಕನ್ನಡದಲ್ಲಿ ಮಾತಾಡುತ್ತೇನೆ. ಭಾಷೆ ಏನು ಹಾಕಲಿ? ಆಟದ ನಡುವೆ ಕೆಟಗರಿ ಬದಲಿಸಲು ಕೈ ಬಿಡುವಿರುವುದಿಲ್ಲ, ಗೆಳತಿ ಮಾಡಬಹುದೇ? (ಮೈಸೂರು)

ಯೂಟ್ಯೂಬ್‌ನ ವಿಡಿಯೋ ಭಾಷೆಯಲ್ಲಿ ಕನ್ನಡವಿದೆ, ಅದನ್ನೇ ಆರಿಸಿ. ಟ್ವಿಚ್‌ನ ಪಟ್ಟಿಯಲ್ಲಿ ಕನ್ನಡ ಕಾಣದಿದ್ದರೆ 'ಅದರ್' ಆರಿಸಿ, ಕನ್ನಡವನ್ನು ಟ್ಯಾಗ್ ಆಗಿ ಸೇರಿಸಿ. ಹೆಚ್ಚು ಜನ ಸಿಗುತ್ತಾರೆಂದು ಇಂಗ್ಲಿಷ್ ಹಾಕಿದರೆ ಭಾಷೆ ತಿಳಿಯದವರು ಬಂದು ಹೋಗುತ್ತಾರೆ ಅಷ್ಟೇ.

ಗೆಳತಿ ಧಾರಾಳವಾಗಿ ಮಾಡಬಹುದು, ಆದರೆ ಮಾಡರೇಟರ್ (ಚಾಟ್ ನೋಡಿಕೊಳ್ಳುವವರು) ಆಗಿದ್ದರೆ ಸಾಲದು. ಡ್ಯಾಶ್‌ಬೋರ್ಡ್‌ನ 'ಕಮ್ಯುನಿಟಿ' ಕೆಳಗೆ 'ರೋಲ್ಸ್ ಮ್ಯಾನೇಜರ್'ನಲ್ಲಿ ಅವರನ್ನು ಎಡಿಟರ್ ಮಾಡಿ. ಆಗ ಅವರ ಕಂಪ್ಯೂಟರ್‌ನಿಂದಲೇ ನಿಮ್ಮ ಶೀರ್ಷಿಕೆ, ಕೆಟಗರಿ ಬದಲಿಸಲು ಬರುತ್ತದೆ. ನೈಟ್‌ಬಾಟ್ (ಚಾಟ್‌ನಲ್ಲಿ ಆಜ್ಞೆ ಪಾಲಿಸುವ ತಂತ್ರಾಂಶ) ಜೋಡಿಸಿದ್ದರೆ ಮಾಡರೇಟರ್ ಕೂಡ ಚಾಟ್‌ನಲ್ಲಿ '!game' ಎಂದು ಬರೆದು, ಆಮೇಲೆ ಆಟದ ಹೆಸರು ಹಾಕಿದರೆ ಸಾಕು. ಕಾಗುಣಿತ ತಪ್ಪಿದರೆ ಬೇರೆಯೇ ಆಟ ಕೂತಿರಬಹುದು. ಬದಲಿಸಿದ ಮೇಲೆ ಚಾನೆಲ್ ಪುಟವನ್ನು ರಿಫ್ರೆಶ್ ಮಾಡಿ ಹೆಸರು ಓದಿ ನೋಡಲು ಗೆಳತಿಗೆ ಹೇಳಿ.