ಉದ್ದನೆಯ ಶಾಟ್‌ಗಳಿಂದ ಸಿನಿಮಾದ ಖರ್ಚು ಇಳಿಯುತ್ತದೆಯೇ?

ಪೋಲೆಂಡಿನ ಸಿನಿಮಾ ನಿರ್ದೇಶಕ ಯೆಝಿ ಸ್ಕೊಲಿಮೊವ್ಸ್ಕಿಯವರಂತೆ ಕಟ್ ಇಲ್ಲದ ಉದ್ದನೆಯ ಶಾಟ್‌ಗಳಲ್ಲಿ ಚಿತ್ರೀಕರಿಸಿದರೆ ಕಡಿಮೆ ಹಣದಲ್ಲಿ ಸಿನಿಮಾ ಮುಗಿಸಬಹುದೇ ಎಂದು ಕೇಳಿದ್ದೀರಿ. ಸಾಧ್ಯವಿಲ್ಲ. ನಾನೂ ಇದೇ ಲೆಕ್ಕ ಹಾಕಿ ನನ್ನ ಮೊದಲ ಕಿರುಚಿತ್ರಕ್ಕೆ ಕೈಹಾಕಿದ್ದೆ.

ಆಗ ನಾನು ಅವರ 1965ರ ‘ವಾಲ್ಕೋವರ್’ ಚಿತ್ರದ ಗುಂಗಿನಲ್ಲಿದ್ದೆ. ಒಂದೂಕಾಲು ಗಂಟೆಯ ಆ ಚಿತ್ರದಲ್ಲಿರುವುದು 30ರ ಆಸುಪಾಸಿನ ಶಾಟ್‌ಗಳು ಮಾತ್ರ. ಒಂದರಲ್ಲಂತೂ ನಾಯಕನ ಪಾತ್ರದಲ್ಲಿರುವ ಸ್ಕೊಲಿಮೊವ್ಸ್ಕಿಯವರೇ, ಮೋಟಾರ್ ಸೈಕಲ್ಲೊಂದು ಪಕ್ಕದಲ್ಲೇ ಓಡಿ ಬರುತ್ತಿರುವಾಗ, ಚಲಿಸುವ ರೈಲಿನಿಂದ ಕೆಳಕ್ಕೆ ಜಿಗಿಯುತ್ತಾರೆ. ಅದನ್ನು ನೋಡಿದ ನಾನು, ತಂದೆ ಮಗಳ ಜಗಳವೊಂದನ್ನು ನಡುಮನೆಯಿಂದ ಅಡುಗೆಮನೆಯ ಮೂಲಕ ಹಿತ್ತಲಿನವರೆಗೆ ಒಂದೇ ಶಾಟ್‌ನಲ್ಲಿ ತೆಗೆಯಲು ನಿರ್ಧರಿಸಿದೆ. ಮಂದ ಬೆಳಕಿನ ಅಡುಗೆಮನೆಯಿಂದ ಬಿಸಿಲಿಗೆ ಹೊರಬಿದ್ದ ಕೂಡಲೇ ಚಿತ್ರ ಬೆಳ್ಳಗೆ ಸುಟ್ಟುಹೋಗುತ್ತಿತ್ತು. ಬೆಳಕು ಸರಿಯಾದ ಟೇಕ್‌ನಲ್ಲಿ ಮಗಳ ಮಾತು ಸಪ್ಪೆ. ಮಾತು ಎದೆಗೆ ತಾಕಿದ ಟೇಕ್‌ನಲ್ಲಿ ಫೋಕಸ್ ಇಲ್ಲ. ಎರಡನ್ನೂ ಬೆಸೆಯೋಣವೆಂದರೆ ನಡುವೆ ಇಡಲು ತಂದೆಯ ಮುಖದ ಒಂದು ಕ್ಲೋಸ್‌ಅಪ್ ಕೂಡ ನನ್ನ ಬಳಿ ಇರಲಿಲ್ಲ, ಏಕೆಂದರೆ ಅಂಥದ್ದನ್ನು ತೆಗೆಯುವುದೇ ಶೈಲಿಗೆ ಬಗೆಯುವ ದ್ರೋಹವೆಂದು ನಂಬಿದ್ದೆ. ಕಟ್ ಮಾಡಿ ತೆಗೆದಿದ್ದರೆ ಹಾಳಾದ ಒಂದು ಮಾತನ್ನಷ್ಟೇ ಮತ್ತೆ ತೆಗೆದರೆ ಸಾಕಿತ್ತು. ಉದ್ದನೆಯ ಶಾಟ್‌ನಲ್ಲಿ ಒಂದು ಮಾತು ಹಾಳಾದರೆ ಇಡೀ ಜಗಳವನ್ನೇ ಮೊದಲಿನಿಂದ ತೆಗೆಯಬೇಕು. ಕ್ಯಾಮೆರಾ ಬಾಡಿಗೆಯನ್ನು ಎರಡನೇ ಬಾರಿ ಕಟ್ಟುವಷ್ಟರಲ್ಲಿ ಕೈಯಲ್ಲಿದ್ದ ಹಣ ಮುಗಿಯಿತು.

ಸ್ಕೊಲಿಮೊವ್ಸ್ಕಿಯವರ ಮಿತವ್ಯಯ ಶಾಟ್‌ನ ಉದ್ದದಲ್ಲಿರಲಿಲ್ಲ. ಊಚ್ ನಗರದ ಫಿಲ್ಮ್ ಶಾಲೆಯಲ್ಲಿ ಅಭ್ಯಾಸದ ಚಿತ್ರಗಳಿಗೆಂದು ಕೊಡುತ್ತಿದ್ದ ಕಚ್ಚಾ ಫಿಲ್ಮ್ ಅನ್ನು ಅವರು ಬಿಡಿ ಬಿಡಿ ಚಿತ್ರಗಳಿಗೆ ಖರ್ಚು ಮಾಡದೆ, ಒಬ್ಬನೇ ನಾಯಕನನ್ನಿಟ್ಟು, ಒಂದಕ್ಕೊಂದು ಕೂಡಿಕೊಳ್ಳುವಂತೆ ತೆಗೆಯುತ್ತಾ ಹೋದರು. ಆ ತುಣುಕುಗಳೇ ಸೇರಿ, ಸೈನ್ಯಕ್ಕೆ ಹೊರಟ ಯುವಕನ ಕೊನೆಯ ಕೆಲವು ಗಂಟೆಗಳ ಕಥೆಯಾದ ‘ರಿಸೋಪಿಸ್’ 1964ರಲ್ಲಿ ಪೂರ್ಣಗೊಂಡಿತು. ನನಗೆ ಅವರ ಮೇಲೆ ಅಪಾರ ಗೌರವವಿರುವುದು ಈ ಮುಂದಾಲೋಚನೆಗಾಗಿ.

‘ಅವರ ಶೈಲಿ’ ಎಂದು ನೀವು ಹೇಳುತ್ತಿರುವುದು ಅವರ ವೃತ್ತಿಯ ಒಂದು ಘಟ್ಟ ಮಾತ್ರ. ಸೋವಿಯತ್ ನಾಯಕ ಸ್ಟಾಲಿನ್ನರ ಚಿತ್ರಪಟದ ಮುಖಕ್ಕೆ ಎರಡು ಜೊತೆ ಕಣ್ಣುಗಳಿದ್ದ ‘ಹ್ಯಾಂಡ್ಸ್ ಅಪ್’ 1967ರಲ್ಲಿ ನಿಷೇಧಕ್ಕೊಳಗಾದ ಮೇಲೆ ಅವರು ದೇಶ ಬಿಟ್ಟರು. 1981ರ ಡಿಸೆಂಬರಿನಲ್ಲಿ ಪೋಲೆಂಡಿನಲ್ಲಿ ಸೈನಿಕ ಕಾನೂನು ಜಾರಿಯಾದಾಗ, ಲಂಡನ್ನಿನ ತಮ್ಮ ಸ್ವಂತ ಮನೆಯನ್ನೇ ಸೆಟ್ ಮಾಡಿಕೊಂಡು ‘ಮೂನ್‌ಲೈಟಿಂಗ್’ ತೆಗೆದರು. ಮರುವರ್ಷದ ಮೇ ತಿಂಗಳಲ್ಲಿ ಅದಕ್ಕೆ ಕಾನ್ ಉತ್ಸವದಲ್ಲಿ ಅತ್ಯುತ್ತಮ ಚಿತ್ರಕಥೆ ಪ್ರಶಸ್ತಿ ಬಂತು. ಅಲ್ಲಿ ಕಥೆಯನ್ನು ಮುನ್ನಡೆಸುವುದು, ಮನೆ ದುರಸ್ತಿಗೆಂದು ಲಂಡನ್ನಿಗೆ ಬಂದ ಪೋಲಿಷ್ ಕೆಲಸಗಾರರ ಮೇಸ್ತ್ರಿಯ ಸ್ವಗತ. ಒಂದು ಕತ್ತೆಯ ಬೆನ್ನುಹತ್ತುವ 2022ರ ‘ಇಒ’ದಲ್ಲಿ ಕೆಂಪು ಬೆಳಕು, ಹತ್ತಿರದಿಂದ ಕಾಣುವ ಕಣ್ಣು, ಮೈಮೇಲಿನ ಕೂದಲು. ‘ವಾಲ್ಕೋವರ್’, ‘ಮೂನ್‌ಲೈಟಿಂಗ್’, ‘ಇಒ’ ಮೂರನ್ನೂ ಒಬ್ಬರೇ ತೆಗೆದಿದ್ದಾರೆ.

ಆದ್ದರಿಂದ ನಿರ್ಮಾಪಕರು ಸಿಗಲಿ ಸಿಗದಿರಲಿ, ಮೊದಲು ನಿಮಗೆ ಬಾಡಿಗೆಯಿಲ್ಲದೆ ದೊರೆಯುವ ಮನೆ, ಅಂಗಡಿ, ಸ್ನೇಹಿತರನ್ನು ಪಟ್ಟಿ ಮಾಡಿ, ಅವುಗಳೊಳಗೇ ನಡೆಯಬಲ್ಲ ಕಥೆಯನ್ನು ಬರೆಯಿರಿ. ಉದ್ದನೆಯ ಶಾಟ್ ಬೇಕೇಬೇಕೆನಿಸಿದರೆ ಮೊಬೈಲ್‌ನಲ್ಲಿ ಚೆನ್ನಾಗಿ ತಾಲೀಮು ಮಾಡಿಕೊಳ್ಳಿ, ಮತ್ತು ಬಾಡಿಗೆ ಕ್ಯಾಮೆರಾ ಹಿಂತಿರುಗಿಸುವ ಮುನ್ನ ಎದುರು ಕೂತವರ ಮುಖದ ಶಾಟ್ ಒಂದನ್ನಾದರೂ ತೆಗೆದಿಟ್ಟುಕೊಳ್ಳಿ.