ಆ ‘ಆದರ್ಶ’ವನ್ನು ಮೊದಲು ತೆಗೆಯಿರಿ, ಮೇಷ್ಟ್ರೇ

ನಮಸ್ಕಾರ ಮೇಷ್ಟ್ರೇ,

‘ಅಮೂರ್ತ ಬೀಜಗಣಿತದಲ್ಲಿ ಆದರ್ಶದ ಪರಿಕಲ್ಪನೆ’ ಅಂತ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ಎರಡು ಪ್ಯಾರಾ ಹೊಗಳಿ ಆಮೇಲೆ ‘ಆದರೆ’ ಅನ್ನುವುದು ನನಗೆ ಆಗಿಬರಲ್ಲ, ಅದಕ್ಕೇ ಮೊದಲೇ ಹೇಳಿಬಿಟ್ಟೆ. ಹಾಗಂತ ಕೈಬಿಡಿ ಅನ್ನುತ್ತಿಲ್ಲ. ಡಿಗ್ರಿ ಕಾಲೇಜಿನಲ್ಲಿ ಪಾಠ ಮಾಡುವವರೊಬ್ಬರು ಐಡಿಯಲ್ (ನಿಮ್ಮ ‘ಆದರ್ಶ’) ಬಗ್ಗೆ ಕನ್ನಡದಲ್ಲಿ ಬರೆಯಲು ಕೂತಿದ್ದಾರೆ ಅಂದರೆ ಅದನ್ನು ಸುಮ್ನೆ ಬಿಟ್ಟುಕೊಡುವಷ್ಟು ಸಾಹುಕಾರರಲ್ಲ ನಾವು. ತಿದ್ದಿ ಕಳಿಸಿ. ಏನು ತಿದ್ದಬೇಕು ಅನ್ನುವುದಕ್ಕೇ ಈ ಉದ್ದದ ಪತ್ರ.

ನಿಮ್ಮ ಮೊದಲ ವಾಕ್ಯ ಹೀಗಿದೆ: ‘ಒಂದು ಉಂಗುರದ ಉಪಗಣವು ಸಂಕಲನಕ್ಕೆ ಸಂವೃತವಾಗಿದ್ದು, ಉಂಗುರದ ಯಾವುದೇ ಅಂಶದೊಡನೆ ಗುಣಿಸಿದಾಗಲೂ ತನ್ನಲ್ಲೇ ಉಳಿದರೆ ಅದನ್ನು ಆದರ್ಶ ಗಣ ಎನ್ನುತ್ತೇವೆ.’ (ಉಂಗುರ ಅಂದರೆ ರಿಂಗ್, ಪೂರ್ಣಾಂಕಗಳ ಹಾಗೆ ಕೂಡಿದರೂ ಕಳೆದರೂ ಗುಣಿಸಿದರೂ ಹೊರಗೆ ಹೋಗದ ಗುಂಪು.) ಕಳೆಯುವುದನ್ನೂ ಉಪಗಣ ಖಾಲಿ ಇರಬಾರದು ಅನ್ನುವುದನ್ನೂ ಬಿಟ್ಟಿದ್ದೀರಿ, ಅವೆರಡು ಸೇರಿಸಿದರೆ ತಪ್ಪಿಲ್ಲ. ಆದರೆ ಇದನ್ನು ಓದಿದ ಮನುಷ್ಯ ಎರಡನೇ ವಾಕ್ಯಕ್ಕೆ ಬರುವುದಿಲ್ಲ. ನಾನೂ ಬಿ.ಎಸ್ಸಿ.ಯಲ್ಲಿ ಇದೇ ಮಾತನ್ನು ಇಂಗ್ಲಿಷಿನಲ್ಲಿ ಬಾಯಿಪಾಠ ಮಾಡಿದವನು. ಪರೀಕ್ಷೆಯಲ್ಲಿ ಬರೆದೆ, ಅಂಕ ಬಂತು, ಮರೆತೆ. ಇದಕ್ಕೆ ಐಡಿಯಲ್ ಅಂತ ಯಾಕೆ ಹೆಸರು, ಹೊರಗಿನದರಿಂದ ಗುಣಿಸಿದರೂ ಒಳಗೇ ಇರಬೇಕು ಅನ್ನುವ ಆ ವಿಚಿತ್ರ ಷರತ್ತು ಯಾಕೆ ಅಂತ ಯಾರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ನಿಮ್ಮ ಓದುಗರಿಗಾದರೂ ಹಾಗಾಗದಿರಲಿ ಅಂತ ನನ್ನ ಆಸೆ.

ಮೊದಲು ಪದದ ವಿಷಯ. ಕನ್ನಡದಲ್ಲಿ ಆದರ್ಶ ಅಂದರೆ ಏನು? ಆದರ್ಶ ಶಿಕ್ಷಕ, ಆದರ್ಶ ದಂಪತಿ, ಆದರ್ಶ ಗ್ರಾಮ. ಒಳ್ಳೆಯದು, ನೋಡಿ ಕಲಿಯಬೇಕಾದದ್ದು ಅಂತ. ನಿಘಂಟು ತೆಗೆದರೆ ಕನ್ನಡಿ ಅನ್ನುವ ಹಳೆಯ ಅರ್ಥವೂ ಸಿಗುತ್ತದೆ, ಅದಂತೂ ಇನ್ನೂ ದೂರ. ‘ಆದರ್ಶ ಗಣ’ ಅಂದ ಕೂಡಲೇ ಓದುಗ ಕೇಳುತ್ತಾನೆ: ಹಾಗಾದರೆ ಆದರ್ಶವಲ್ಲದ ಗಣಗಳು ಏನು ಪಾಪ ಮಾಡಿವೆ? ಸರಿಸಂಖ್ಯೆಗಳು ಐಡಿಯಲ್, ಬೆಸಸಂಖ್ಯೆಗಳು ಅಲ್ಲ. ಬೆಸಸಂಖ್ಯೆಗಳ ನಡತೆ ಕೆಟ್ಟಿದೆ ಅಂತಲಾ?

ಇನ್ನೂ ಒಂದು ತೊಡಕಿದೆ. ನೀವು ಅದನ್ನು ಗುಣವಾಚಕ ಮಾಡಿದ್ದೀರಿ. ಬೀಜಗಣಿತದಲ್ಲಿ ಐಡಿಯಲ್ ಅನ್ನುವುದು ನಾಮಪದ, ಒಂದು ವಸ್ತುವಿನ ಹೆಸರು. ಒಂದು ಕಾಲಕ್ಕೆ ಅದು ಗುಣವಾಚಕವೇ ಆಗಿತ್ತು, ಆಮೇಲೆ ನಾಮಪದವಾಯಿತು. ಅದು ಹೇಗಾಯಿತು ಅನ್ನುವುದರಲ್ಲೇ ನಿಮ್ಮ ಲೇಖನದ ಜೀವ ಇದೆ. ನೀವು ಅದನ್ನು ಮೂರನೇ ಪುಟದಲ್ಲಿ ಎರಡು ಸಾಲಿಗೆ ಮುಗಿಸಿದ್ದೀರಿ, ಅದರಲ್ಲೂ ಒಂದು ತಪ್ಪು. 1847ರಲ್ಲಿ ಜರ್ಮನ್ ಗಣಿತಜ್ಞ ಕುಮ್ಮರ್ ‘ಆದರ್ಶ ಗಣವನ್ನು ವ್ಯಾಖ್ಯಾನಿಸಿದರು’ ಅಂತ ಬರೆದಿದ್ದೀರಿ. ಕುಮ್ಮರ್ ಯಾವ ಗಣವನ್ನೂ ವ್ಯಾಖ್ಯಾನಿಸಲಿಲ್ಲ. ಅವರು ಮಾತಾಡಿದ್ದು ಐಡಿಯಲ್ ಸಂಖ್ಯೆಗಳ ಬಗ್ಗೆ. ಅಲ್ಲಿ ಐಡಿಯಲ್ ಅಂದರೆ ಒಳ್ಳೆಯದು ಅಂತಲ್ಲ, ಕೈಗೆ ಸಿಗದ್ದು, ಮನಸ್ಸಿನಲ್ಲಿ ಮಾತ್ರ ಇರುವುದು ಅಂತ. ಆ ಅರ್ಥವನ್ನು ನಮ್ಮ ‘ಆದರ್ಶ’ ಹೊರುವುದಿಲ್ಲ. ‘ಕಾಲ್ಪನಿಕ’ ಅನ್ನೋಣ ಅಂದರೆ ಅದು ಆಗಲೇ √−1ರ ಪಾಲಾಗಿದೆ. ಅದಕ್ಕೇ ನನ್ನ ಸಲಹೆ: ಐಡಿಯಲ್ ಅಂತಲೇ ಇಟ್ಟುಕೊಳ್ಳಿ. ಬಸ್ಸು, ಬ್ಯಾಂಕು ಬಂದ ಹಾಗೆ ಇದೂ ಬರಲಿ. ಪದ ಅನುವಾದವಾಗದಿದ್ದರೂ ನಡೆಯುತ್ತದೆ, ಅದರ ಹಿಂದಿನ ಕೊರತೆ ಏನಿತ್ತು ಅನ್ನುವುದು ಓದುಗನಿಗೆ ಕಾಣಬೇಕು.

ಆ ಕೊರತೆಯನ್ನು ಹೀಗೆ ತೋರಿಸಬಹುದು. 4ರಿಂದ ಭಾಗಿಸಿದರೆ 1 ಉಳಿಯುವ ಸಂಖ್ಯೆಗಳನ್ನು ಬರೆಯಿರಿ: 1, 5, 9, 13, 17, 21, 25, ಹೀಗೆ. ಉಳಿದ ಸಂಖ್ಯೆಗಳು ಹುಟ್ಟೇ ಇಲ್ಲ ಅಂದುಕೊಳ್ಳಿ. ಈ ಪಟ್ಟಿಯ ಯಾವ ಎರಡನ್ನು ಗುಣಿಸಿದರೂ ಉತ್ತರ ಪಟ್ಟಿಯೊಳಗೇ ಇರುತ್ತದೆ. ಈ ಊರಿನಲ್ಲಿ 9 ಒಡೆಯುವುದಿಲ್ಲ, ಯಾಕೆಂದರೆ 3 ಇಲ್ಲಿಲ್ಲ. 21 ಒಡೆಯುವುದಿಲ್ಲ. 49 ಕೂಡ. ಈಗ 441 ತೆಗೆದುಕೊಳ್ಳಿ. ಅದು 9 × 49. ಅದೇ 21 × 21 ಕೂಡ ಹೌದು. ಒಂದೇ ಸಂಖ್ಯೆ, ಒಡೆಯಲಾಗದ ತುಂಡುಗಳಾಗಿ ಎರಡು ಬೇರೆ ಬೇರೆ ರೀತಿ ಒಡೆಯಿತು! ನಮಗೆ ಆಶ್ಚರ್ಯವಿಲ್ಲ, ಒಳಗೆ 3 ಮತ್ತು 7 ಕೂತಿರುವುದು ನಮಗೆ ಕಾಣುತ್ತದೆ. ಆದರೆ ಆ ಊರಿನವರಿಗೆ 3 ಅನ್ನುವುದು ಗೊತ್ತೇ ಇಲ್ಲವಲ್ಲ. ಅವರ ಪಾಲಿಗೆ 3 ಒಂದು ಐಡಿಯಲ್ ಸಂಖ್ಯೆ. (ಈ ಪಟ್ಟಿ ರಿಂಗ್ ಅಲ್ಲ, 5 ಮತ್ತು 9 ಕೂಡಿದರೆ ಹೊರಗೆ ಹೋಗುತ್ತದೆ ಅಂತ ನೀವು ತಕರಾರು ತೆಗೆಯುತ್ತೀರಿ, ಗೊತ್ತು. ಹೋಲಿಕೆಗೆ ಅಷ್ಟು ಸಾಕು.)

ಇದನ್ನು ತೋರಿಸಿದ ಮೇಲೆ ನಿಮ್ಮ √−5ರ ಉದಾಹರಣೆಗೆ ಬನ್ನಿ. ಒಂದು ಪೂರ್ಣಾಂಕಕ್ಕೆ √−5ರ ಪೂರ್ಣಾಂಕದಷ್ಟು ಪಟ್ಟು ಕೂಡಿಸಿದ ಸಂಖ್ಯೆಗಳ ಲೋಕ. ಅಲ್ಲಿ 6 ಅಂದರೆ 2 × 3. 6 ಅಂದರೆ (1+√−5) × (1−√−5) ಕೂಡ. ನಾಲ್ಕೂ ಒಡೆಯದ ಸಂಖ್ಯೆಗಳು. ಇಲ್ಲೂ ಯಾರೋ ತಪ್ಪಿಸಿಕೊಂಡಿದ್ದಾರೆ ಅಂತ ಓದುಗನಿಗೆ ತಾನಾಗಿಯೇ ಹೊಳೆಯುತ್ತದೆ, ಅಲ್ವಾ? ನೀವು ಈ ಸಮೀಕರಣವನ್ನು ಕೊಟ್ಟು ‘ಇದರಿಂದ ಅನನ್ಯ ಅಪವರ್ತನೀಕರಣ ಭಂಗವಾಗುತ್ತದೆ’ ಅಂತ ಮುಂದೆ ಹೋಗಿದ್ದೀರಿ. ಸಂಖ್ಯೆ ಒಂದೇ ರೀತಿಯಲ್ಲಿ ಒಡೆಯುವ ನಿಯಮ ಭಂಗವಾದರೆ ಯಾರಿಗೇನು ನಷ್ಟ? ಅದನ್ನು ಹೇಳಬೇಕಿತ್ತು.

ನಷ್ಟ ಆದದ್ದು ಪ್ಯಾರಿಸ್ಸಿನಲ್ಲಿ. 1847ರ ಮಾರ್ಚ್ 1ರಂದು ಗಣಿತಜ್ಞ ಗೇಬ್ರಿಯಲ್ ಲಾಮೆ ಅಲ್ಲಿನ ವಿಜ್ಞಾನ ಅಕಾಡೆಮಿಯಲ್ಲಿ ಎದ್ದು ನಿಂತು ಫರ್ಮಾನ ಕೊನೆಯ ಪ್ರಮೇಯವನ್ನು (ಘಾತ 2ಕ್ಕಿಂತ ದೊಡ್ಡದಾದರೆ ಎರಡು ಧನ ಪೂರ್ಣಾಂಕಗಳ ಘಾತಗಳನ್ನು ಕೂಡಿ ಮೂರನೆಯದರ ಅದೇ ಘಾತ ಬರುವುದಿಲ್ಲ ಅನ್ನುವುದನ್ನು) ಸಾಧಿಸಿದ್ದೇನೆ ಅಂದರು. ಸಂಕೀರ್ಣ ಸಂಖ್ಯೆಗಳನ್ನು ಬಳಸಿ ಒಡೆಯುವ ದಾರಿ ಅವರದು. ಅಲ್ಲೇ ಇದ್ದ ಇನ್ನೊಬ್ಬ ಗಣಿತಜ್ಞ ಲಿಯೂವಿಲ್, ಆ ಸಂಖ್ಯೆಗಳು ಒಂದೇ ರೀತಿಯಲ್ಲಿ ಒಡೆಯುತ್ತವೆ ಅನ್ನುವುದಕ್ಕೆ ಆಧಾರ ಏನು ಅಂತ ಕೇಳಿದರು. ಅದೇ ಮೇ ತಿಂಗಳಲ್ಲಿ ಬ್ರೆಸ್ಲಾವಿನಿಂದ (ಈಗಿನ ಪೋಲೆಂಡಿನ ವ್ರಾತ್ಸ್ವಾಫ್) ಕುಮ್ಮರ್ ಬರೆದ ಪತ್ರ ಬಂತು: ಒಂದೇ ರೀತಿಯಲ್ಲಿ ಒಡೆಯುವುದಿಲ್ಲ, ನಾನು ಮೂರು ವರ್ಷದ ಹಿಂದೆಯೇ ಅಚ್ಚು ಹಾಕಿಸಿದ್ದೇನೆ, ಆದರೆ ಐಡಿಯಲ್ ಸಂಖ್ಯೆಗಳನ್ನು ತಂದರೆ ರಿಪೇರಿ ಆಗುತ್ತದೆ ಅಂತ ಅದರ ತಾತ್ಪರ್ಯ. ಪಾಪ ಲಾಮೆ. ಅಂದಹಾಗೆ ಕುಮ್ಮರ್ ಹತ್ತು ವರ್ಷ ಹೈಸ್ಕೂಲು ಮೇಷ್ಟ್ರಾಗಿದ್ದವರು, ಮುಂದೆ ಗಣಿತಜ್ಞರಾಗಿ ಹೆಸರಾದ ಕ್ರೋನೆಕರ್ ಶಾಲೆಯಲ್ಲಿ ಇವರ ವಿದ್ಯಾರ್ಥಿ. ನಿಮಗೆ ಇದು ಇಷ್ಟವಾದೀತು ಅಂತ ಹೇಳಿದೆ. ಇನ್ನೊಂದು, ಕುಮ್ಮರ್ ತಾವೇ ಮೊದಲು ಫರ್ಮಾ ಪ್ರಮೇಯಕ್ಕೆ ತಪ್ಪು ಸಾಧನೆ ಬರೆದು ಗಣಿತಜ್ಞ ಡಿರಿಕ್ಲೆಯಿಂದ ಬೈಸಿಕೊಂಡರು ಅನ್ನುವ ಕಥೆಯನ್ನು ನೀವು ನಿಜವೆಂಬಂತೆ ಹಾಕಿದ್ದೀರಿ. ಎಷ್ಟೋ ಕಾಲದ ನಂತರ ಬಾಯಿಂದ ಬಾಯಿಗೆ ಬಂದ ಕಥೆ ಅದು. ಇತಿಹಾಸಕಾರರು ಅದನ್ನು ಒಪ್ಪುವುದು ಕಡಿಮೆ. ತೆಗೆಯಿರಿ.

ಅದರ ಬದಲು ಕುಮ್ಮರ್ ತಾವೇ ಕೊಟ್ಟ ಹೋಲಿಕೆಯನ್ನು ಹಾಕಿ. ಅವರ ಕಾಲದಲ್ಲಿ ಫ್ಲೋರಿನ್ ಅನ್ನು ಯಾರೂ ಬೇರೆ ಮಾಡಿ ಶೀಷೆಯಲ್ಲಿ ಹಿಡಿದಿರಲಿಲ್ಲ. ಸಂಯುಕ್ತಗಳು ನಡೆದುಕೊಳ್ಳುವ ರೀತಿ ನೋಡಿ ಒಳಗೆ ಇಂಥದ್ದೊಂದು ಇದೆ ಅಂತ ರಸಾಯನಶಾಸ್ತ್ರಜ್ಞರು ನಂಬಿದ್ದರು. ನನ್ನ ಐಡಿಯಲ್ ಸಂಖ್ಯೆಗಳೂ ಹಾಗೇ ಅಂದರು ಕುಮ್ಮರ್. 1886ರಲ್ಲಿ ಆನ್ರಿ ಮ್ವಾಸಾನ್ ಫ್ಲೋರಿನ್ ಅನ್ನು ಬೇರ್ಪಡಿಸಿಯೇ ಬಿಟ್ಟರು. ಅಷ್ಟು ಹೊತ್ತಿಗೆ ಐಡಿಯಲ್ ಸಂಖ್ಯೆ ಕೂಡ ಕೈಗೆ ಸಿಕ್ಕಾಗಿತ್ತು.

ಅದು ಕೈಗೆ ಸಿಗುವ ಹಾಗೆ ಮಾಡಿದವರು ಜರ್ಮನ್ ಗಣಿತಜ್ಞ ಡೆಡೆಕಿಂಡ್, 1871ರಲ್ಲಿ. ಇಲ್ಲಿ ನೀವು ನಿಧಾನಿಸಬೇಕು, ಯಾಕೆಂದರೆ ಗುಣವಾಚಕ ನಾಮಪದವಾಗುವುದು ಇಲ್ಲೇ. ನಾನಾಗಿದ್ದರೆ ನೀರಿನ ಕ್ಯಾನಿನಿಂದ ಶುರು ಮಾಡುತ್ತಿದ್ದೆ. ಮನೆಯಲ್ಲಿ 4 ಲೀಟರಿನ ಒಂದು ಕ್ಯಾನು, 6 ಲೀಟರಿನ ಒಂದು ಕ್ಯಾನು ಇವೆ. ಡ್ರಮ್ಮಿಗೆ ಸುರಿದು, ವಾಪಸ್ ತೆಗೆದು, ಎಷ್ಟೆಷ್ಟು ಅಳೆಯಬಹುದು? 2 ಲೀಟರ್ ಆಗುತ್ತದೆ, ಹಾಗಾಗಿ 8, 10, 14 ಎಲ್ಲ ಆಗುತ್ತದೆ. ಬೆಸ ಲೀಟರ್ ಮಾತ್ರ ತಲೆಕೆಳಗೆ ನಿಂತರೂ ಆಗಲ್ಲ. ಅಂದರೆ 2 ಲೀಟರಿನ ಕ್ಯಾನು ಮನೆಯಲ್ಲಿ ಇಲ್ಲದಿದ್ದರೂ ಅದರ ಅಪವರ್ತ್ಯಗಳೆಲ್ಲ ಹಾಜರಿವೆ. ಯಜಮಾನ ಕಾಣಿಸುತ್ತಿಲ್ಲ, ಮನೆಮಂದಿಯೆಲ್ಲ ಇದ್ದಾರೆ. ಡೆಡೆಕಿಂಡ್ ಹೇಳಿದ್ದು ಇಷ್ಟೇ: ಯಜಮಾನನನ್ನು ಹುಡುಕಬೇಡಿ, ಆ ಮನೆಮಂದಿಯನ್ನೇ ಒಂದು ವಸ್ತು ಅಂತ ಹಿಡಿಯಿರಿ, ಬೇಕಾದರೆ ಒಂದು ಮನೆಯನ್ನು ಇನ್ನೊಂದು ಮನೆಯಿಂದ ಗುಣಿಸಿ. ಕುಮ್ಮರ್ ಮೇಲಿನ ಗೌರವಕ್ಕೆ ಆ ಗುಂಪಿಗೆ ‘ಐಡಿಯಲ್’ ಅಂತ ಹೆಸರಿಟ್ಟರು.

√−5ರ ಲೋಕದಲ್ಲಿ 2 ಮತ್ತು 1+√−5 ಎಂಬ ಎರಡು ಕ್ಯಾನುಗಳಿಂದ ಅಳೆದರೆ ಏನು ಸಿಗುತ್ತದೆ? ನೀವು ಅದಕ್ಕೆ ಅರ್ಧ ಪುಟ ಸಂಕೇತ ಬರೆದಿದ್ದೀರಿ. ಕನ್ನಡದಲ್ಲಿ ಒಂದೇ ಸಾಲು: ಪೂರ್ಣಾಂಕದ ಭಾಗ ಮತ್ತು √−5ರ ಪಟ್ಟು, ಎರಡೂ ಸರಿ ಅಥವಾ ಎರಡೂ ಬೆಸ ಆಗಿರುವ ಸಂಖ್ಯೆಗಳು. 3+√−5 ಒಳಗಿದೆ, 4+2√−5 ಒಳಗಿದೆ, 1 ಒಳಗಿಲ್ಲ. ಈ ಮನೆಗೆ ಆ ಲೋಕದಲ್ಲಿ ಯಜಮಾನನೇ ಇಲ್ಲ. ಇದ್ದಿದ್ದರೆ ಅವನ ನಾರ್ಮ್, ಅಂದರೆ ಮೊದಲ ಭಾಗದ ವರ್ಗಕ್ಕೆ ಎರಡನೆಯದರ ವರ್ಗದ ಐದರಷ್ಟು ಕೂಡಿಸಿದ್ದು, 2 ಮತ್ತು 1+√−5ರ ನಾರ್ಮ್‌ಗಳಾದ 4ನ್ನೂ 6ನ್ನೂ ಭಾಗಿಸಬೇಕಿತ್ತು. ಅಂದರೆ 1 ಅಥವಾ 2. ನಾರ್ಮ್ 2 ಬರುವ ಸಂಖ್ಯೆ ಅಲ್ಲಿಲ್ಲ. 1 ಬಂದರೆ ಯಜಮಾನ 1 ಅಥವಾ −1 ಆಗಬೇಕು, ಅವು ಮನೆಯ ಹೊರಗಿವೆ. ಮುಗಿಯಿತು. ಇಷ್ಟನ್ನು ಪಿಯುಸಿ ಓದಿದವರು ಹಿಡಿದುಕೊಳ್ಳುತ್ತಾರೆ.

ಇಲ್ಲೇ ನಿಮ್ಮ ದೊಡ್ಡ ಎಡವಟ್ಟು ಇರುವುದು. ಪ್ರಿನ್ಸಿಪಲ್ ಐಡಿಯಲ್‌ಗೂ ‘ಪ್ರಧಾನ ಆದರ್ಶ’, ಪ್ರೈಮ್ ಐಡಿಯಲ್‌ಗೂ ‘ಪ್ರಧಾನ ಆದರ್ಶ’ ಅಂತ ಹಾಕಿದ್ದೀರಿ! ನಾಲ್ಕನೇ ಪುಟದಲ್ಲಿ ‘ಪೂರ್ಣಾಂಕಗಳಲ್ಲಿ ಪ್ರತಿ ಆದರ್ಶವೂ ಪ್ರಧಾನ’ ಅಂತಿದೆ, ಅದೇ ಪುಟದ ಕೆಳಗೆ ‘6ರ ಅಪವರ್ತ್ಯಗಳ ಆದರ್ಶ ಪ್ರಧಾನವಲ್ಲ’ ಅಂತಿದೆ. ಎರಡೂ ನಿಜ, ಬೇರೆ ಬೇರೆ ಅರ್ಥದಲ್ಲಿ. ಓದುಗ ಮಾತ್ರ ನಿಮಗೆ ತಲೆ ಕೆಟ್ಟಿದೆ ಅಂದುಕೊಳ್ಳುತ್ತಾನೆ. ಯಂತ್ರಕ್ಕೆ ಕೊಟ್ಟು ಅನುವಾದ ಮಾಡಿಸಿದ್ರಾ ಅಂತ ನನಗೂ ಅನುಮಾನ ಬಂತು, ಬೇಜಾರು ಮಾಡ್ಕೋಬೇಡಿ. ಪ್ರಿನ್ಸಿಪಲ್ ಅಂದರೆ ಯಜಮಾನ ಇರುವ ಮನೆ, ಒಂದೇ ಸಂಖ್ಯೆಯ ಅಪವರ್ತ್ಯಗಳು. ಪ್ರೈಮ್ ಅಂದರೆ ಇಡೀ ರಿಂಗ್ ಆಗಿರದ, ಮತ್ತು ಎರಡರ ಗುಣಲಬ್ಧ ಒಳಗೆ ಬಂದರೆ ಆ ಎರಡರಲ್ಲಿ ಒಂದಾದರೂ ಒಳಗಿರಲೇಬೇಕಾದ ಮನೆ. 2 × 3 = 6 ಒಳಗಿದೆ, 2 ಇಲ್ಲ, 3 ಇಲ್ಲ, ಹಾಗಾಗಿ 6ರದ್ದು ಪ್ರೈಮ್ ಅಲ್ಲ. ಪ್ರೈಮ್‌ಗೆ ಶಾಲೆಯ ‘ಅವಿಭಾಜ್ಯ’ ಹೊಂದುತ್ತದೆ, ಅದನ್ನೇ ಬಳಸಿ.

ಮತ್ತೊಂದು ವಿಷಯ ನಿಮ್ಮ ಲೇಖನದಲ್ಲಿ ಇಲ್ಲವೇ ಇಲ್ಲ. ಐಡಿಯಲ್‌ಗೆ ಎರಡನೇ ಕೆಲಸವೊಂದಿದೆ, ಇವತ್ತು ಪಾಠದಲ್ಲಿ ಜಾಸ್ತಿ ಬರುವುದು ಅದೇ. ಇವತ್ತು ಮಂಗಳವಾರ, ನೂರು ದಿನದ ಮೇಲೆ ಯಾವ ವಾರ? 98 ಬಿಡುತ್ತೀರಿ, 2 ಉಳಿಯುತ್ತದೆ, ಗುರುವಾರ. 7ರ ಅಪವರ್ತ್ಯಗಳನ್ನೆಲ್ಲ ನೀವು ಸೊನ್ನೆ ಅಂತ ಎಣಿಸಿದಿರಿ. ಸೊನ್ನೆ ಅಂತ ಎಣಿಸಬಹುದಾದ ಗುಂಪೇ ಐಡಿಯಲ್. ಆಗ ಆ ವಿಚಿತ್ರ ಷರತ್ತು ವಿಚಿತ್ರವಾಗಿ ಉಳಿಯುವುದಿಲ್ಲ: ಸೊನ್ನೆಗೆ ಸೊನ್ನೆ ಕೂಡಿದರೆ ಸೊನ್ನೆ, ಸೊನ್ನೆಯನ್ನು ಯಾವುದರಿಂದ ಗುಣಿಸಿದರೂ ಸೊನ್ನೆ. ನಿಮ್ಮ ಮೊದಲ ವಾಕ್ಯ ಇಷ್ಟನ್ನೇ ಹೇಳಲು ಒದ್ದಾಡುತ್ತಿದೆ. ಬಹುಪದಗಳಲ್ಲಿ ಎಕ್ಸ್² + 1ರ ಅಪವರ್ತ್ಯಗಳನ್ನು ಸೊನ್ನೆ ಮಾಡಿ ನೋಡಿ, ಎಕ್ಸ್ ತಾನೇ √−1 ಆಗಿ ನಿಲ್ಲುತ್ತದೆ. ಫ್ರೆಂಚ್ ಗಣಿತಜ್ಞ ಕೋಷಿ ಈ ದಾರಿ ತೋರಿಸಿದ್ದೂ ಅದೇ 1847ರಲ್ಲಿ, ಲಾಮೆ ಎಡವಿದ ಊರಿನಲ್ಲೇ.

ಎಮ್ಮಿ ನೋಯ್ಥರ್ ಅವರ 1921ರ ಪ್ರಬಂಧವನ್ನು ನೀವು ಹೆಸರಿಸಿದ್ದೀರಿ, ಸಂತೋಷ. ಅಲ್ಲಿಂದ ಐಡಿಯಲ್ ಯಾವ ರಿಂಗ್‌ಗೂ ಸಲ್ಲುವ ಮಾತಾಯಿತು ಅಂತ ಒಂದು ಸಾಲು ಸೇರಿಸಿದರೆ ಸಾಕು. ಎಡ ಐಡಿಯಲ್, ಬಲ ಐಡಿಯಲ್, ಲ್ಯಾಟಿಸ್‌ನ ಐಡಿಯಲ್ ಎಲ್ಲ ಈ ಲೇಖನಕ್ಕೆ ಭಾರ. ಇನ್ನು ‘ಉಂಗುರ’. ಓದುಗ ಬೆರಳು ನೋಡಿಕೊಳ್ಳುತ್ತಾನೆ ಅಷ್ಟೇ. ಹಿಲ್ಬರ್ಟ್ 1897ರಲ್ಲಿ ಬಳಸಿದ ಜರ್ಮನ್ ಪದಕ್ಕೆ ಬಳಗ, ಕೂಟ ಅನ್ನುವ ಅರ್ಥವೂ ಇದೆ. ರಿಂಗ್ ಅಂತಲೇ ಬಿಡಿ. ಬೀಜಗಣಿತದಲ್ಲಿ ಇಂಗ್ಲಿಷಿನವರು ಫೀಲ್ಡ್ ಅನ್ನುವ ರಚನೆಯನ್ನು ಜರ್ಮನ್ನರು, ಫ್ರೆಂಚರು ‘ದೇಹ’ ಅನ್ನುತ್ತಾರೆ. ಇಂಗ್ಲಿಷಿನವರೇ ಆ ಪದವನ್ನು ಅನುವಾದಿಸಲಿಲ್ಲ, ನಮಗೆ ಯಾಕೆ ಅವಸರ?

ಕೊನೆಯ ಪುಟದ ‘ಹೀಗೆ ಆದರ್ಶವು ಆಧುನಿಕ ಗಣಿತದ ಹೃದಯವಾಗಿದೆ’ ಹೊಡೆದುಹಾಕಿದ್ದೇನೆ. ಆ ಜಾಗದಲ್ಲಿ 6ನ್ನು ಐಡಿಯಲ್‌ಗಳಾಗಿ ಒಡೆದು ತೋರಿಸಿ: ಸರಿ-ಬೆಸದ ಆ ಮನೆ ಎರಡು ಸಲ, 3ನ್ನು ಒಡೆದಾಗ ಸಿಗುವ ಎರಡು ಮನೆಗಳು ಒಂದೊಂದು ಸಲ. ಹೇಗೆ ಜೋಡಿಸಿದರೆ 2 × 3 ಬರುತ್ತದೆ, ಹೇಗೆ ಜೋಡಿಸಿದರೆ (1+√−5) × (1−√−5) ಬರುತ್ತದೆ ಅನ್ನುವುದನ್ನು 441ರ ಪಕ್ಕದಲ್ಲೇ ಇಡಿ. ಎಂಟು ಪುಟ ಬೇಡ, ಐದು ಸಾಕು. ಪರೀಕ್ಷೆ ಪೇಪರ್ ತಿದ್ದುವುದು ಮುಗಿದ ಮೇಲೆ ಕಳಿಸಿ, ಅವಸರವಿಲ್ಲ.